ಜಾಗದ ಮೌನ

ಪರದೆಯ ಮೇಲೆ ಕೊಕ್ಕರೆ ರೆಕ್ಕೆ ಬಿಚ್ಚಿತು, ಹಿಂದೆಯೇ ಪಿಟೀಲು — ಕೊಕ್ಕರೆಗೆ ಯಾಕೆ ಪಿಟೀಲು, ಅದಕ್ಕೇನು ಮದುವೆಯೇ, ಎಂದು ಮುದಿ ನಿರ್ದೇಶಕ ಒಳಗೊಳಗೇ ಕುದಿದ, ತನ್ನದೇ ಹಳೆಯ ಚಿತ್ರಕ್ಕೆ ವಾಹಿನಿಯವರು ಹೊಸ ಬಣ್ಣ, ಯಾವನೋ ನಟನ ದನಿ, ಸಂಗೀತ ಎಲ್ಲ ಮೆತ್ತಿದ್ದಾರೆ, ಮೆತ್ತಲಿ, ಮುಂದೆ ಪಾಳುಕೋಟೆಯ ಕೊಳ ಬರುತ್ತದೆ, ಅಲ್ಲಿ ಮುಟ್ಟಿರಲಾರರು, ಅಲ್ಲಿ ಅವಳಿದ್ದಾಳೆ. ಅವಳು, ಹೆಂಡತಿ, ಅವನ ಎಲ್ಲ ಚಿತ್ರಗಳ ಶಬ್ದ ಹಿಡಿದವಳು, ಚಿತ್ರೀಕರಣ ಮುಗಿದರೂ ಯಾರನ್ನೂ ಹೊರಡಗೊಡದವಳು, ತಾಳಿ, ಜಾಗದ ಮೌನ ಹಿಡೀಬೇಕು, ಒಂದೊಂದು ಜಾಗಕ್ಕೂ ಅದರದೇ ಮೌನ ಇರುತ್ತೆ ಕಣ್ರೀ, ಎಂದು ಬಲಗೈ ಮೇಲೆತ್ತುತ್ತಿದ್ದಳು, ಅಂಗೈ ತೆರೆದು, ಆ ಕೈ ಇಳಿಯುವ ತನಕ ಮಿಸುಕುವಂತಿಲ್ಲ, ಸೊಳ್ಳೆ ಕಚ್ಚಿದರೆ ಕಚ್ಚಿಸಿಕೊಳ್ಳಬೇಕು, ಒಮ್ಮೆ ಅವನ ಹೊಟ್ಟೆ ಗುರುಗುಟ್ಟಿ, ರೀ, ನಿಮ್ಮ ಹೊಟ್ಟೆಗೂ ಪಾತ್ರ ಕೊಟ್ಟಿದೀರಾ, ಮತ್ತೆ ಮೊದಲಿಂದ — ಎಲ್ಲರೂ ನಕ್ಕಿದ್ದರು, ಕೈ ಮತ್ತೆ ಮೇಲೇರಿತ್ತು. ಕೊಳದ ಚಿತ್ರೀಕರಣದ ಹೊತ್ತಿಗೆ ಅವಳಿಗೆ ಎದೆಯ ಕಾಯಿಲೆ, ಆ ಮೌನಕ್ಕೆ ಕಿವಿಗೊಟ್ಟರೆ ನೀರಿನ ಸದ್ದಿನಡಿ ಅವಳ ಉಸಿರು, ಎಳೆದೆಳೆದು ಬಿಡುವ ಉಸಿರು, ಕೆಟ್ಟದಾಗಿದೆ, ಅಳಿಸಿಬಿಡ್ಲಾ ಅಂದಳು, ಇರಲಿ ಬಿಡೇ ಅಂದ. ಮುಂದಿನ ಚಿತ್ರಕ್ಕೆ ಅವಳಿರಲಿಲ್ಲ. ಕಪ್ಪೆಯಿಂದ ಹಿಡಿದು ಕೋಟೆಬಾಗಿಲ ತುಕ್ಕಿನ ತನಕ ಎಲ್ಲದರ ದನಿಯನ್ನೂ ಕಾಪಾಡಿದವಳು, ಮೈಕಿನ ಹಿಂದೆಯೇ ಇದ್ದವಳು, ತನ್ನದೆಂದು ಬಿಟ್ಟುಹೋದದ್ದು ಆ ಉಸಿರಷ್ಟೇ.

ಕೊಳ ಬಂತು. ಪಾಚಿಗಟ್ಟಿದ ಮೆಟ್ಟಿಲು, ಕಲ್ಲಿನ ಮೇಲೆ ಹಾವಿನ ಪೊರೆ, ಪಿಟೀಲು ನಿಲ್ಲಲಿಲ್ಲ, ಇನ್ನಷ್ಟು ಏರಿತು — ನಿಲ್ಲಿಸಿ, ಇಲ್ಲೊಂದು ಮೌನ ಇತ್ತಲ್ಲ, ಎಂದ, ದನಿ ಅವನಿಗೇ ಹೊಸದಾಗಿ ಕೇಳಿತು. ಪಕ್ಕದಲ್ಲಿದ್ದ ವಾಹಿನಿಯ ಸಂಕಲನಕಾರ್ತಿ ಹೆಡ್‌ಫೋನ್ ಕೆಳಗಿಟ್ಟಳು, ಒಳ್ಳೆಯ ಹುಡುಗಿ, ಅದೇ ಕಷ್ಟ, ಅದರಲ್ಲಿ ಏನೂ ಇರ್ಲಿಲ್ಲ ಸರ್, ಯಾರೋ ಏದುಸಿರು ಬಿಡೋ ಸದ್ದು ಸೇರ್ಕೊಂಡಿತ್ತು, ತೆಗೆದ್ಬಿಟ್ವಿ. ಮೂಲ ಟೇಪು? ಮಾತಿಲ್ಲದ ಟೇಪೆಲ್ಲ ಗೋದಾಮು ಖಾಲಿ ಮಾಡುವಾಗ್ಲೇ ಹೋಯ್ತು ಸರ್. ಹೋಯಿತು. ಹೊತ್ತು ತಂದು ಕೊಟ್ಟವನು ತಾನೇ, ಮನೆಯಲ್ಲಿ ಬೂಷ್ಟು ಹಿಡಿಯುತ್ತದೆ, ಇಲ್ಲಿ ತಣ್ಣಗಿನ ಕೋಣೆಯಿದೆ ಎಂದು ನಂಬಿ, ಕುರಿ ಕಾಯಲು ತೋಳನನ್ನು ಇಟ್ಟಹಾಗೆ, ಜನ್ಮವಿಡೀ ಅಳಿದುಹೋಗುವುದನ್ನೆಲ್ಲ ಉಳಿಸುತ್ತೇನೆಂದು ಕಾಡು ಕೋಟೆ ಅಲೆದ ಮಹಾನುಭಾವ, ಮನೆಯವಳ ಒಂದು ಉಸಿರನ್ನು ಉಳಿಸಿಕೊಳ್ಳಲಿಲ್ಲ. ಸಿಟ್ಟು ಬಂತು, ಯಾರ ಮೇಲೆಂದು ತಿಳಿಯಲಿಲ್ಲ, ಎದ್ದ, ಕಣ್ಣು ಮುಚ್ಚಿದ, ನೆನಪಿನಲ್ಲಾದರೂ ಕೇಳಿಸಲಿ, ಎಳೆದು ಬಿಡುವುದು, ಎಳೆದು — ಪಿಟೀಲು, ಬರೀ ಪಿಟೀಲು, ಅದರ ನಡುವೆ ಸದ್ದೇ ಇಲ್ಲದೆ ಆ ಕೈ, ಮೇಲೆತ್ತಿದ ಬಲಗೈ, ತೆರೆದ ಅಂಗೈ. ಏನಾಯ್ತು ಸರ್, ಕೂತ್ಕೊಳ್ಳಿ, ನೀರು ಕೊಡ್ಲಾ, ಹುಡುಗಿ ಕೇಳುತ್ತಿದ್ದಾಳೆ, ಅವನು ಮಿಸುಕಲಿಲ್ಲ, ಉಸಿರನ್ನೂ ಹಿಡಿದ, ಕೈ ಇನ್ನೂ ಇಳಿದಿಲ್ಲ, ಅಂಗೈ ತೆರೆದೇ ಇದೆ, ಇಳಿದಿಲ್ಲ