ಮುದುಕರನ್ನು ಹೊತ್ತವನು

"ಆ ಅಜ್ಜಿ ಹೆದ್ರಿ ಬೆನ್ ಮೇಲೇ ಉಚ್ಚೆ ಹುಯ್ಕೊಂಬುಟ್ಳು ಸ್ವಾಮಿ," ಎಂದ ಮೇಂಗ್ ದುಶಿಕ್, ಸಾಕ್ಷಿಯ ಜಾಗದಲ್ಲಿ ನಿಂತು.

ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕನೆ ನಕ್ಕರು. ನ್ಯಾಯಾಧೀಶರು ಕನ್ನಡಕದ ಮೇಲಿಂದ ನೋಡಿದರು.

"ಸೊಂಟದ ಮಟ ಕೊರೆಯೋ ನೀರು, ಬೆನ್ ಒಂದು ಬೆಚ್ಚಗೆ. ಅಜ್ಜಿಗೆ ನಾಚ್ಕೆ ಆಗ್ಬಾರ್ದು ಅಂತ ಮಳೆ ಬೈಕೊಂಡು ನಡೆದಿದ್ದು." ದುಶಿಕ್ ಒಂದು ಗಳಿಗೆ ತಡೆದು ಕೈ ತೋರಿಸಿದ. "ಪ್ಯೋ ಸಾಹೇಬ್ರು."

ಕೈ ತೋರಿಸಿದ ಕಡೆ, ವಕೀಲೆಯ ಪಕ್ಕ, ಪ್ಯೋ ಸಾಂಗುನ್ ತಲೆ ತಗ್ಗಿಸಿ ಕೂತಿದ್ದ. ನೋಡಿದವರು ವಿನಯ ಅಂದುಕೊಂಡರು.

ಸಾಂಗುನ್ ಕಾಂಗ್‌ವನ್ ಬೆಟ್ಟಸೀಮೆಯ ಒಂದು ಹೋಬಳಿ ಕಚೇರಿಯಲ್ಲಿ ಗುಮಾಸ್ತನಾಗಿದ್ದವನು. ಹಿಂದಿನ ವಸಂತದಲ್ಲಿ ಒಣಗಾಳಿ ಬೀಸುತ್ತಿದ್ದ ದಿನ, ಕಾಡ್ಗಿಚ್ಚು ಕಾಯುವ ಪಾಳಿ ಬಿಟ್ಟು ಹೋಟೆಲಿನ ಹಿಂದಿನ ಕೋಣೆಯಲ್ಲಿ ಇಸ್ಪೀಟಾಡುತ್ತ ಕೂತ. ಅವನ ಮೇಜಿನ ಮೇಲೆ ಫೋನು ಹೊಡೆದುಕೊಂಡೇ ಇತ್ತು. ಗೋರಿಗಳಿದ್ದ ಗುಡ್ಡ ಸುಟ್ಟಿತು, ಒಬ್ಬ ವಿಧವೆಯ ಜೇನುಪೆಟ್ಟಿಗೆಗಳೆಲ್ಲ ಬೂದಿಯಾದವು. ಜಿಲ್ಲೆಯ ಶಿಸ್ತು ಸಮಿತಿ ಅವನನ್ನು ಕೆಲಸದಿಂದಲೇ ತೆಗೆದುಹಾಕಿತು. ಶಿಕ್ಷೆ ಅತಿಯಾಯಿತೆಂದು ಅವನು ಕೋರ್ಟಿಗೆ ಬಂದಿದ್ದ.

ಕಾಗದಪತ್ರ ನೋಡಲು ಮನೆಗೆ ಬಂದ ವಕೀಲೆ, ಗೋಡೆಯ ಮೇಲಿದ್ದ ಮಂತ್ರಿಯ ಪ್ರಶಸ್ತಿಪತ್ರ ಕಂಡು ಕುಣಿಯುವುದೊಂದು ಬಾಕಿ. "ಪ್ರವಾಹದಲ್ಲಿ ಮುದುಕರನ್ನ ಹೊತ್ತು ಉಳಿಸಿದ್ದು! ಇಂಥದ್ದಿದ್ರೆ ಸಮಿತಿ ಲೆಕ್ಕಕ್ಕೆ ತಗೊಳ್ಳಲೇಬೇಕು. ಅವರ ಮುಂದೆ ಇದನ್ನ ಇಟ್ಟೇ ಇಲ್ಲ. ನೀವ್ಯಾಕೆ ಬಾಯಿ ಬಿಡ್ಲಿಲ್ಲ?"

"ಅವರು ಯಾವತ್ತೂ ಹಾಗೇ. ಹೇಳ್ಕೊಳೋ ಜನ ಅಲ್ಲ," ಎಂದಳು ಹೆಂಡತಿ ಹೇರಾನ್, ಹೆಮ್ಮೆಯಿಂದ.

ನಿಜಕ್ಕೂ ಆ ಪ್ರವಾಹದ ದಿನ ಸಾಂಗುನ್ ಕಚೇರಿಯ ಮಹಡಿಯಲ್ಲಿ ಫೋನು ಹಿಡಿದು ಕೂತಿದ್ದ. ನೀರಿಗಿಳಿದವನು ದಿನಗೂಲಿಯ ಕಾವಲುಗಾರ ದುಶಿಕ್. ಬೆನ್ನಿಗೆ ಕಟ್ಟಿ ಸೌದೆ ಹೊರುವ ಮರದ ಚೌಕಟ್ಟಿನಲ್ಲಿ ಮುದುಕರನ್ನು ಒಬ್ಬೊಬ್ಬರನ್ನಾಗಿ ಕೂರಿಸಿಕೊಂಡು ಶಾಲೆ ಮುಟ್ಟಿಸಿದ್ದ. ಆದರೆ ಪ್ರಶಸ್ತಿ ಯಾರಿಗೆ ಬೇಕೋ ಅವರಿಗೆ ಹೋಗುವುದು ಕಚೇರಿಯ ರೂಢಿ. ಆ ವರ್ಷ ಸಾಂಗುನ್‌ಗೆ ಬಡ್ತಿಯ ಸರದಿ. ಮೇಲಧಿಕಾರಿ ದುಶಿಕ್‌ಗೆ ಒಂದು ಜೊತೆ ರಬ್ಬರ್ ಬೂಟು ಕೊಡಿಸಿ ವಿಷಯ ಮುಗಿಸಿದ್ದ.

ವಕೀಲೆ ಸಾಕ್ಷಿ ಬೇಕೆಂದಾಗ ದುಶಿಕ್ ತಾನಾಗಿಯೇ ಮನೆಗೆ ಬಂದ.

"ನಾ ಬತ್ತೀನಿ ಬುಡಿ ಸಾಹೇಬ್ರೆ. ಅಲ್ಲಿದ್ದೋನು ನಾನೇ ಅಲ್ವಾ?"

"ದುಶಿಕ್ಕಣ್ಣ, ಅದು ಹೆಂಗೆ..."

"ಹೆಂಗೂ ಇಲ್ಲ. ಕೂಲಿಯೋನು ಪ್ರಶಸ್ತಿ ಇಟ್ಕೊಂಡು ನೆಕ್ಬೇಕಾ? ನಿಮ್ ಹೆಸ್ರು ಇದ್ಮೇಲೆ ನಿಮಗಾದ್ರೂ ಉಪಯೋಗಕ್ಕೆ ಬರ್ಲಿ. ಎಲೆಯಾಟಕ್ಕೆ ಹೊಟ್ಟೆ ಮೇಲೆ ಹೊಡೆಯೋದಾ?"

ಪಕ್ಕದ ಕೋಣೆಯಲ್ಲಿ ಹೇರಾನ್ ಸೇಬು ಹೆಚ್ಚುವ ಸದ್ದು ಕೇಳುತ್ತಿತ್ತು. ಬೇಡ ಎನ್ನಬೇಕೆಂದು ಬಾಯಿ ತೆರೆದ ಸಾಂಗುನ್ "ಆಯ್ತು" ಎಂದ.

ಈಗ ಕೋರ್ಟಿನಲ್ಲಿ ನ್ಯಾಯಾಧೀಶರು ಸಾಂಗುನ್ ಕಡೆ ತಿರುಗಿದರು. "ಸಾಕ್ಷಿ ಹೇಳಿದ್ದು ನಿಜವೇ?"

ಅವನು ಎದ್ದು ನಿಂತ. ಅಲ್ಲ ಎಂದರೆ ಕೆಲಸ ತಿರುಗಿ ಸಿಗುವುದಿಲ್ಲ. ಅಷ್ಟೇ ಅಲ್ಲ, ಪ್ರಮಾಣ ಮಾಡಿ ಸುಳ್ಳು ಹೇಳಿದ್ದಕ್ಕೆ ದುಶಿಕ್ ಸಿಕ್ಕಿಬೀಳುತ್ತಾನೆ. ಇನ್ನು ನಿಜ ಹೇಳುವಂತಿಲ್ಲ ಎಂಬ ನೆಪ ಸಿಕ್ಕಿದ್ದಕ್ಕೆ ಅವನಿಗೆ ಒಳಗೇ ಸಮಾಧಾನವಾಯಿತು. ಸಮಾಧಾನವಾಯಿತಲ್ಲ ಎಂದು ಮುಖಕ್ಕೆ ಬೆಂಕಿ ಬಿದ್ದಂತಾಯಿತು.

"ನಿಜ," ಎಂದ. ನ್ಯಾಯಾಧೀಶರಿಗೆ ಕೇಳಿಸಲಿಲ್ಲ. ಗಟ್ಟಿಯಾಗಿ ಹೇಳಿ ಎಂದರು. "ನಿಜ," ಎಂದ ಮತ್ತೆ.

ಮುಂದಿನ ತಿಂಗಳು ತೀರ್ಪು ಬಂತು. ತಪ್ಪು ದೊಡ್ಡದೇ, ಆದರೆ ಪ್ರಾಣ ಉಳಿಸಿದವನ ಆ ಒಳ್ಳೆಯ ಕೆಲಸವನ್ನು ತೂಗದೆ ಕೊಟ್ಟ ಶಿಕ್ಷೆ ನಿಲ್ಲುವುದಿಲ್ಲ, ವಜಾ ಆದೇಶ ರದ್ದು ಎಂದು ಓದಿದರು. ಹೇರಾನ್ ಅಲ್ಲೇ ಅತ್ತುಬಿಟ್ಟಳು. ವಕೀಲೆ ಕೈಕುಲುಕಿ, ಜಿಲ್ಲೆಯವರು ಇನ್ನೇನಿದ್ದರೂ ಸಣ್ಣ ಶಿಕ್ಷೆಯಷ್ಟೇ ಕೊಟ್ಟಾರು ಎಂದು ಧೈರ್ಯ ಹೇಳಿ ಹೋದಳು.

ದುಶಿಕ್‌ನನ್ನು ಹಾಗೆ ಕಳಿಸಲು ಹೇರಾನ್ ಒಪ್ಪಲಿಲ್ಲ. ಮೂವರೂ ಕೋರ್ಟಿನ ಎದುರಿನ ಅಂಗಡಿಯಲ್ಲಿ ಎಲುಬಿನ ಸಾರಿಗೆ ಕೂತರು. ಅವಳು ಎದ್ದು ದುಶಿಕ್‌ಗೆ ಸೊಂಟ ಬಾಗಿಸಿ ನಮಸ್ಕರಿಸಿದಳು.

"ಅಯ್ಯೋ, ನಂಗ್ಯಾಕಮ್ಮಾ? ಹೊತ್ತೋರು ನಿಮ್ ಪಕ್ಕದಲ್ಲೇ ಕುಂತವ್ರಲ್ಲಾ."

"ಇವರು ಮನೇಲಿ ಒಂದು ಮಾತೂ ಆಡಿದೋರಲ್ಲ ಅಣ್ಣ. ಹೇಗೆ ಹೊತ್ರು ಅನ್ನೋದು ಕೋರ್ಟಲ್ಲಿ ನೀವು ಹೇಳಿದ್ಮೇಲೇ ನಂಗೆ ಗೊತ್ತಾಗಿದ್ದು. ಆ ಅಜ್ಜಿ ಕತೆ ಇನ್ನೊಂದ್ಸಲ ಹೇಳಿ."

ದುಶಿಕ್ ಸಾಂಗುನ್‌ನತ್ತ ನೋಡಲಿಲ್ಲ. ಮತ್ತೆ ಹೇಳತೊಡಗಿದ. ಈ ಸಲ ನೀರು ಎದೆಯವರೆಗೆ ಬಂತು, ಅಜ್ಜಿ ಸಾಹೇಬರ ಕಿವಿ ಹಿಡಿದುಕೊಂಡಳು, ಸಾಹೇಬರು ಎರಡು ಸಲ ಜಾರಿದರು. ಹೇರಾನ್ ಕಣ್ಣೊರೆಸಿಕೊಳ್ಳುತ್ತ ನಗುತ್ತಿದ್ದಳು. ಹೇಳುತ್ತಲೇ ದುಶಿಕ್ ತನ್ನ ಬಟ್ಟಲಿನಿಂದ ಮಾಂಸದ ತುಂಡೊಂದನ್ನು ಊಟದ ಕಡ್ಡಿಗಳಲ್ಲಿ ಎತ್ತಿ ಸಾಂಗುನ್‌ನ ಅನ್ನದ ಮೇಲಿಟ್ಟ.

"ತಿನ್ನಿ ಸಾಹೇಬ್ರೆ, ಆರೋಗ್ತದೆ."

ಸಾಂಗುನ್ ಮುಖವನ್ನು ಬಟ್ಟಲಿನ ಹಬೆಗೆ ಇನ್ನಷ್ಟು ಹತ್ತಿರ ತಂದ. ತುಂಡನ್ನು ಬಾಯಿಗಿಟ್ಟು ಅಗಿಯತೊಡಗಿದ. ಪಕ್ಕದಲ್ಲಿ ಕತೆ ನಡೆದೇ ಇತ್ತು. ಅವನು ಅಗಿಯುತ್ತಲೇ ಇದ್ದ.