ಮಾತಿಲ್ಲದ ಚಿತ್ರಕ್ಕೊಬ್ಬ ಅರ್ಥಧಾರಿ

ಮೂವತ್ತು ವರ್ಷ ಯಕ್ಷಗಾನ ಮೇಳದಲ್ಲಿ ರಾತ್ರಿಯಿಡೀ ಕುಣಿದು, ಬೆಳಿಗ್ಗೆ ಮಲಗಿ ಅಭ್ಯಾಸವಾದ ಕೂಸಪ್ಪನಿಗೆ ಮಂಡಿನೋವಿನಿಂದ ಮೇಳ ಬಿಟ್ಟ ಮೇಲೆ ನಿದ್ದೆಯೂ ಕೈಕೊಟ್ಟಿತು. ರಾತ್ರಿ ರೆಪ್ಪೆ ಅಂಟುವುದಿಲ್ಲ. ಹಗಲು ಮಲಗೋಣವೆಂದರೆ, ಆಟ ಇಲ್ಲದವನಿಗೆ ಹಗಲು ನಿದ್ದೆ ಯಾಕೆ ಎಂಬ ಬಿಗುಮಾನ. ಹಾಗಾಗಿ ನಡುರಾತ್ರಿ ಹೆಂಡತಿ ಸುಗಂಧಿಯನ್ನು ಎಬ್ಬಿಸಿ ಕೌರವನ ಮಾತು ಒಪ್ಪಿಸುತ್ತಿದ್ದ. ನಲವತ್ತು ದಿನ ಕೇಳಿದ ಅವಳಿಗೆ ಕೌರವ ಒಮ್ಮೆ ಸತ್ತರೆ ಸಾಕಾಗಿತ್ತು. ಕಷಾಯ, ತಲೆಗೆಣ್ಣೆ, ಬಿಸಿಹಾಲು ಎಲ್ಲ ಮುಗಿದಿತ್ತು. ಗಂಡನ ಕಣ್ಣು ಗುಳಿಬಿದ್ದದ್ದು ನೋಡಿ ಅವಳಿಗೆ ನಿಜಕ್ಕೂ ಹೆದರಿಕೆಯಾಗಿತ್ತು.

ಆಗ ಕಟಪಾಡಿ ಶಾಲೆಯ ಕ್ಲಾರೆನ್ಸ್ ಮಾಸ್ತರು ಮಣಿಪಾಲದಿಂದ ಪ್ರೊಜೆಕ್ಟರ್ ಮತ್ತು ಒಂದು ಹಳೆಯ ಮೂಕಿಚಿತ್ರ ತಂದರು. ನಿದ್ದೆ ಬಾರದ ಒಬ್ಬನ ಪಜೀತಿಯ ತಮಾಷೆಯಂತೆ. ಮಾತೇ ಇಲ್ಲದಿದ್ದರೆ ಊರವರು ಎದ್ದು ಹೋದಾರು ಎಂದು ಪಾತ್ರದ ಮಾತು ಆಡಿ ಅರ್ಥ ಹೇಳಲು ಕೂಸಪ್ಪನನ್ನೇ ಕರೆದರು. ಅವನು ಶಾಲು ಹೊದ್ದು ಹೊರಟ.

ಭಾನುವಾರ ಮಧ್ಯಾಹ್ನ ಶಾಲೆಯ ಕಿಟಕಿಗಳಿಗೆ ಚಾಪೆ ಕಟ್ಟಿ ಆಟ ಶುರುವಾಯಿತು. ಪರದೆಯ ಮೇಲಿನವನು ಸೊಳ್ಳೆಗೆ ಪೊರಕೆ ಬೀಸಿ ಮಂಚ ಮುರಿದ. ಪಕ್ಕದಲ್ಲಿ ಕುರ್ಚಿಯ ಮೇಲೆ ಕೂತ ಕೂಸಪ್ಪ, "ಎಲೈ ನಿದ್ರಾದೇವಿಯೇ, ನಾನು ನಿನಗೆ ಮಾಡಿದ ಅಪರಾಧವಾದರೂ ಏನು?" ಎಂದು ಸ್ವರ ಎತ್ತಿದ. ನಗುವಿನಲ್ಲಿ ಅದು ಮುಳುಗಿತು. ಅವನು ಸ್ವರ ಇಳಿಸಿದ. ಪರದೆಯವನು ಹಾಸಿಗೆ ಹೊತ್ತು ಮನೆಯ ಮಾಡು ಹತ್ತುವ ಹೊತ್ತಿಗೆ ಕೂಸಪ್ಪನ ಮಾತು ನಿಂತೇಹೋಯಿತು.

ಅವನ ಕುರ್ಚಿಯ ಹತ್ತಿರವೇ ನೆಲದಲ್ಲಿ ಕೂತಿದ್ದ ಸುಗಂಧಿ, ಗಂಡನಿಗೆ ಅವಮಾನವಾಯಿತೆಂದುಕೊಂಡಳು. ಆಮೇಲೆ ಗೊರಕೆ ಕೇಳಿಸಿತು.

ಎಬ್ಬಿಸಲು ಹೊರಟ ಮಾಸ್ತರನ್ನು ಕೈಸನ್ನೆಯಲ್ಲೇ ತಡೆದಳು. ಅಷ್ಟರಲ್ಲಿ ಚಿತ್ರ ಮುಗಿದು ಯಂತ್ರದ ಕಟಕಟ ನಿಂತಿತು. ಕೂಸಪ್ಪನ ರೆಪ್ಪೆ ಅಲುಗಿತು. ಸುಗಂಧಿ ನಾಚಿಕೆ ಬಿಟ್ಟು ಎದ್ದು ನಿಂತಳು.

"ಮಾಷ್ಟ್ರೇ, ಅದನ್ನು ಇನ್ನೊಮ್ಮೆ ಬಿಡಿ. ನಲವತ್ತು ದಿನ ಆಯ್ತು ಇವರು ಮಲಗದೆ. ಆ ಮಿಶಿನಿನ ಶಬ್ದಕ್ಕೆ ನಿದ್ದೆ ಬಂದದ್ದು." ಮತ್ತೆ ಜನರತ್ತ ತಿರುಗಿ, "ನೀವೆಲ್ಲ ನಗಿ, ಬೇಡ ಹೇಳುವುದಿಲ್ಲ. ಸ್ವರ ಮಾತ್ರ ಬೇಡ," ಎಂದಳು.

ಚಿತ್ರ ಮತ್ತೆ ಓಡಿತು, ಮೂರನೆಯ ಸಲವೂ ಓಡಿತು. ಒಬ್ಬರೂ ಎದ್ದು ಹೋಗಲಿಲ್ಲ. ಸೆರಗು, ಹೆಗಲ ಬೈರಾಸು ಬಾಯಿಗೆ ತುರುಕಿಕೊಂಡು, ಕಣ್ಣಲ್ಲಿ ನೀರು ಬರುವಷ್ಟು ಸದ್ದಿಲ್ಲದೆ ನಕ್ಕರು.

ನಾಲ್ಕನೆಯ ಸಲಕ್ಕೆ ಹೇಳಬೇಕಾದವಳು ಸುಗಂಧಿಯೇ. ಆದರೆ ಆ ನಲವತ್ತು ದಿನ ಅವಳೂ ಮಲಗಿರಲಿಲ್ಲವಲ್ಲ. ಗಂಡನ ಕುರ್ಚಿಯ ಕಾಲಿಗೆ ಒರಗಿ ಬಾಯಿ ತೆರೆದು ನಿದ್ದೆಹೋಗಿದ್ದಳು. ಮಾಸ್ತರು ಯಾರನ್ನೂ ಕೇಳದೆ ರೀಲು ಸುತ್ತಿ ಮತ್ತೆ ಬಿಟ್ಟರು.