ಆಯಾ ಪಾತ್ರ

"ಇಲ್ಲ ಕಣೆ, ಅವರಿಗೆ ಹೇಳಿಲ್ಲ. ಹೇಳೋದಾದ್ರೂ ಹೇಗೆ? ಡ್ಯೂಟಿ ಮುಗಿಸಿ ಬಂದವರು ಮೇಲಿನ ರೂಮು ಸೇರ್ಕೊಂಡು ಬಾಗಿಲು ಹಾಕ್ಕೋತಾರೆ. ಊಟದ ತಟ್ಟೆನೂ ಬಾಗಿಲ ಹೊರಗೇ ಇಡ್ತೀನಿ," ಎಂದು ವಾಸಂತಿ ಫೋನಿನಲ್ಲಿ ಹೇಳುತ್ತಿದ್ದಳು. ಅತ್ತ ಲಿಮೆರಿಕ್‌ನಿಂದ ಗೆಳತಿ ಚಿತ್ರಾ ಏನೋ ಗದರಿದಳು. ವಾಸಂತಿ ತಂತಿಯ ಮೇಲೆ ಒಣಹಾಕಿದ್ದ ಟವೆಲನ್ನು ಸುಮ್ಮನೆ ಅತ್ತಿತ್ತ ಸರಿಸಿದಳು. "ಗೊತ್ತು, ನೀನು ಹೇಳೋದು ಸರಿ. ಎದೇಲಿರೋ ಗಂಟು ಮೊದಲು ಕಡಲೆಕಾಳಷ್ಟಿತ್ತು. ಈಗ ನೆಲ್ಲಿಕಾಯಷ್ಟಾಗಿದೆ ಅನ್ಸತ್ತೆ. ನೋವಿಲ್ಲ. ನೋವಿಲ್ಲ ಅನ್ನೋದೇ ಭಯ. ಆದ್ರೆ ಆಸ್ಪತ್ರೇಲಿ ಅವರು ದಿನಾ ನೋಡ್ತಿರೋದ್ರ ಮುಂದೆ ನನ್ನದೊಂದು ಎಲ್ಲಿ ತಂದಿಡಲಿ?"

ಒಳಗೆ ಮಗಳು ತನ್ವಿ ಆನ್‌ಲೈನ್ ಕ್ಲಾಸಿನಲ್ಲಿದ್ದಳು. ಅವಳ ಕಿವಿಗೆ ಬೀಳಬಾರದೆಂದೇ ವಾಸಂತಿ ಹಿತ್ತಿಲಿಗೆ ಬಂದಿದ್ದಳು. ಎದೆಯೆತ್ತರದ ಗೋಡೆಯಾಚೆ ಪಕ್ಕದ ಮನೆಯ ನೆಸ್ಟಾ ಗುಲಾಬಿ ಗಿಡದ ಒಣಕಡ್ಡಿಗಳನ್ನು ಕತ್ತರಿಸುತ್ತಿದ್ದರು. ವಾಸಂತಿ ಅವರತ್ತ ಕೈಬೀಸಿ ಮಾತು ಮುಂದುವರಿಸಿದ್ದಳು. ಐರ್ಲೆಂಡಿನ ನೇಸ್‌ನಂಥ ಊರಿನಲ್ಲಿ ಕನ್ನಡ ಮಾತಾಡುವುದೆಂದರೆ ಬಾಗಿಲು ಹಾಕಿಕೊಂಡು ಮಾತಾಡಿದ ಹಾಗೆ.

ಅವಳು ಫೋನು ಇಟ್ಟು ಒಳಗೆ ಹೊರಟಾಗ ಬೆನ್ನ ಹಿಂದೆ ಯಾರೋ ಕೇಳಿದರು.

"ಯಾಕ್ ಮಗಾ, ಗಂಡಂಗೆ ಯೋಳಿಲ್ವಾ?"

ವಾಸಂತಿ ತಿರುಗಿದಳು. ಹಿತ್ತಿಲಿನಲ್ಲಿ ಬೇರೆ ಯಾರೂ ಇರಲಿಲ್ಲ. ನೆಸ್ಟಾ ಕತ್ತರಿಯನ್ನು ಗೋಡೆಯ ಮೇಲಿಟ್ಟು ಅವಳನ್ನೇ ನೋಡುತ್ತಿದ್ದರು. ಬಿಳಿ ಕೂದಲು, ನೀಲಿ ಕಾರ್ಡಿಗನ್, ಬೆಳ್ಳಗಿನ ಸುಕ್ಕುಮುಖ. ಆ ಬಾಯಿ ಮತ್ತೆ ತೆರೆಯಿತು.

"ಯೋಳು. ಇವತ್ತೇ ಯೋಳು. ಮುಚ್ಚಿಕ್ಕಬ್ಯಾಡ."

ವಾಸಂತಿಗೆ ಮೊದಲು ಆದದ್ದು ಆಶ್ಚರ್ಯವಲ್ಲ, ಹೆದರಿಕೆ. ಈ ಗೋಡೆಯ ಪಕ್ಕದಲ್ಲಿ ನಿಂತು ತಾನು ಏನೇನು ಮಾತಾಡಿರಬಹುದು? ಅತ್ತೆಯ ವಿಷಯ, ಗಂಡ ಹೇಮಚಂದ್ರನ ಸಿಟ್ಟಿನ ವಿಷಯ. ಹೋದ ವಾರವಷ್ಟೇ ಈ ನೆಸ್ಟಾಳನ್ನೇ ನೋಡುತ್ತ ನಗುನಗುತ್ತ ಚಿತ್ರಾಳಿಗೆ ಹೇಳಿದ್ದಳು: "ಪಾಪ ಕಣೆ ಈ ಮುದುಕಿ, ಒಳಗೇ ಸತ್ತುಬಿದ್ರೂ ವಾಸನೆ ಬಂದ ಮೇಲೇ ಗೊತ್ತಾಗೋದು, ಯಾರಿದಾರೆ ಇವಳಿಗೆ?" ಆಗಲೂ ನೆಸ್ಟಾ ಗೋಡೆಯಾಚೆಯಿಂದ ಮುಗುಳ್ನಕ್ಕಿದ್ದರು.

ವಾಸಂತಿ ಒಳಗೆ ಹೋಗಿ ಹಿಂಬಾಗಿಲಿನ ಚಿಲಕ ಹಾಕಿಕೊಂಡಳು.

ನೆಸ್ಟಾ ರೋಸ್‌ವಾರ್ನ್ ಇಂಗ್ಲೆಂಡಿನ ನಟಿ. ಐರಿಷ್ ಬಡಗಿಯೊಬ್ಬನನ್ನು, ನಾಟಕದ ಸೆಟ್ಟು ಕಟ್ಟುತ್ತಿದ್ದವನನ್ನು ಮದುವೆಯಾಗಿ, ನೇಸ್ ಇರುವ ಈ ಕಿಲ್ಡೇರ್ ಕೌಂಟಿಗೆ ಬಂದವರು. ಅವನು ತೀರಿಕೊಂಡ ಮೇಲೂ ಇಲ್ಲೇ ಉಳಿದಿದ್ದರು. ಬೀದಿಯವರಿಗೆ ಅವರು ಟೀವಿಯಲ್ಲಿ ಬರುತ್ತಿದ್ದ ಅಜ್ಜಿ, ಆದರೆ ಯಾವುದರಲ್ಲಿ ಬಂದಿದ್ದರೆಂದು ಯಾರಿಗೂ ನೆನಪಿರಲಿಲ್ಲ. ಚಹಾದ ಟ್ರೇ ತರುವ ಕೆಲಸದವಳು, ಪೊಲೀಸರಿಗೆ ಬಾಗಿಲು ತೆರೆಯುವ ಪಕ್ಕದ ಮನೆಯಾಕೆ, ಡಾಕ್ಟರನ್ನು ಕೂಗಿ ಕರೆಯುವ ನರ್ಸು, ಎರಡು ಸಲ ಹೆಣ: ಇಂಥ ಪಾತ್ರಗಳಲ್ಲೇ ಅವರ ಜೀವನ ಕಳೆದಿತ್ತು. "ಯಾರೂ ನಿಂತು ನೋಡದ ಮುಖ ನನ್ನದು. ಅದರಿಂದಲೇ ಅನ್ನ ತಿಂದೆ," ಎಂದು ಒಮ್ಮೆ ಇಂಗ್ಲಿಷಿನಲ್ಲಿ ಹೇಳಿದ್ದರು. ತಾನು ಮೈಸೂರಿನವಳೆಂದು ವಾಸಂತಿ ಪರಿಚಯ ಮಾಡಿಕೊಂಡಾಗ, "ಅಲ್ಲಿ ಬಿಸಿಲು ಜಾಸ್ತಿ ಇರಬೇಕು ಅಲ್ಲವೇ?" ಎಂದು ಕೇಳಿದ್ದರು, ಅಷ್ಟೆ.

ಕೊರೋನಾ ಹಬ್ಬಿ, ಮಾರ್ಚಿನಲ್ಲಿ ವಯಸ್ಸಾದವರು ಮನೆಬಿಟ್ಟು ಹೊರಡಬಾರದೆಂದು ಸರ್ಕಾರ ಹೇಳಿದ ಮೇಲೆ ನೆಸ್ಟಾಗೆ ಮಧ್ಯಾಹ್ನದ ಊಟ ವಾಸಂತಿಯ ಮನೆಯಿಂದಲೇ ಹೋಗುತ್ತಿತ್ತು. ಡಬ್ಬಿಯನ್ನು ಗೋಡೆಯ ಮೇಲಿಟ್ಟು ಅವಳು ಹಿಂದೆ ಸರಿಯುತ್ತಿದ್ದಳು. ಅವರು ಬಂದು ತೆಗೆದುಕೊಳ್ಳುತ್ತಿದ್ದರು. ಸಾರು ಖಾರವಾಯಿತೇ ಎಂದರೆ, ಚೆನ್ನಾಗಿದೆ ಎನ್ನಲು ಇಲ್ಲಿಯವರಂತೆ "ಗ್ರ್ಯಾಂಡ್, ಲವ್, ಗ್ರ್ಯಾಂಡ್" ಎನ್ನುತ್ತಿದ್ದರು. ಈಗ ಅದನ್ನೆಲ್ಲ ನೆನೆದರೆ ವಾಸಂತಿಗೆ ಮೈಯೆಲ್ಲ ಉರಿಯುತ್ತಿತ್ತು. ತನ್ನ ಮನೆಯ ಗೋಡೆಯನ್ನೇ ಯಾರೋ ಕಿತ್ತುಕೊಂಡು ಹೋದಂತೆ.

ಮರುದಿನದಿಂದ ಡಬ್ಬಿ ಒಯ್ಯಲು ತನ್ವಿಯನ್ನು ಕಳಿಸಿದಳು.

"ಷಿ ಆಸ್ಕ್ಡ್ ಆರ್ ಯೂ ಕ್ರಾಸ್ ವಿತ್ ಹರ್," ಎಂದಳು ತನ್ವಿ ವಾಪಸು ಬಂದು. ಅಮ್ಮನಿಗೆ ತನ್ನ ಮೇಲೆ ಸಿಟ್ಟೇ ಎಂದು ನೆಸ್ಟಾ ಕೇಳಿದ್ದರಂತೆ.

"ಏನಂದೆ ನೀನು?"

"ಐ ಸೆಡ್ ಯೂ ಆರ್ ಗ್ರ್ಯಾಂಡ್." ತನ್ವಿ ತಾಯಿಯ ಮುಖ ನೋಡಿದಳು. "ಆರ್ ಯೂ, ದೋ?"

ವಾಸಂತಿ ಒಲೆಯತ್ತ ತಿರುಗಿದಳು. ತನ್ವಿಗೆ ಕುತೂಹಲ ತಡೆಯಲಿಲ್ಲ. ಊರೆಲ್ಲ ಮುಚ್ಚಿದ್ದ ಆ ದಿನಗಳಲ್ಲಿ ಅವಳಿಗೆ ಬೇಕಾದಷ್ಟು ಹೊತ್ತಿತ್ತು. ಶನಿವಾರ ಮಧ್ಯಾಹ್ನ ಲ್ಯಾಪ್‌ಟಾಪ್ ಹಿಡಿದುಕೊಂಡು ಅಡುಗೆಮನೆಗೆ ಬಂದಳು.

"ಅಮ್ಮಾ, ನೆಸ್ಟಾ ಈಸ್ ಇನ್ ದಿಸ್. ಬಟ್ ಇಟ್ಸ್ ಕೈಂಡ್ ಆಫ್ ಟೆರಿಬಲ್."

ಯಾರೋ ನೆಟ್ಟಿಗೆ ಹಾಕಿದ್ದ ಹಳೆಯ ಟೀವಿ ನಾಟಕ. ಇಂಡಿಯಾದಲ್ಲಿ ನಡೆಯುವ ಕಥೆ ಇರಬೇಕು. ಕುಂಡದಲ್ಲಿ ತಾಳೆಗಿಡ, ಮೇಲೆ ತಿರುಗುವ ಫ್ಯಾನು. ದೊರೆಸಾನಿಯ ಹಿಂದೆ ಆಯಾ ನಿಂತಿದ್ದಳು. ಅವಳ ಮುಖಕ್ಕೆ, ಕುತ್ತಿಗೆಗೆ, ಕೈಗೆ ಕಂದುಬಣ್ಣ ಬಳಿದಿದ್ದರು. ಕಿವಿಯ ಹಿಂದೆ ಬಳಿಯಲು ಮರೆತು ಅಲ್ಲಿಷ್ಟು ಬೆಳ್ಳಗೆ ಉಳಿದಿತ್ತು. ಸೆರಗು ತಪ್ಪು ಹೆಗಲ ಮೇಲಿತ್ತು. ಆಯಾ ಮಾತಿಗೊಮ್ಮೆ ತಲೆಯಾಡಿಸುತ್ತ, ಮುರುಕು ಇಂಗ್ಲಿಷಿನಲ್ಲಿ "ಎಸ್ ಮೇಮ್‌ಸಾಬ್, ನೋ ಮೇಮ್‌ಸಾಬ್" ಎನ್ನುತ್ತಿದ್ದಳು. ನೆಸ್ಟಾ. ನಲವತ್ತರ ಆಸುಪಾಸಿನ ನೆಸ್ಟಾ.

"ಆಫ್ ಮಾಡು," ಎಂದಳು ವಾಸಂತಿ. ಅವಳ ಕಿವಿ ಕೆಂಪಾಗಿತ್ತು. ಇಷ್ಟು ದಿನ ತಾನು ಅನ್ನ ಹಾಕಿದ್ದು ಇಂಥವಳಿಗೆ. ಇದೂ ಒಂದು ಅಣಕವೇ. ಗೋಡೆಯಾಚೆ ನಿಂತು ಆಡಿದ್ದೂ ಈ ಅಣಕವೇ ಇರಬೇಕು.

"ವೇಟ್. ದಿಸ್ ಬಿಟ್."

ಜ್ವರದಲ್ಲಿ ಮಲಗಿದ್ದ ಬಿಳಿಯ ಮಗುವಿನ ಮೇಲೆ ಆಯಾ ಬಾಗಿದಳು. ತಲೆಯಾಡಿಸುವುದು ನಿಂತಿತು. ದನಿಯೇ ಬದಲಾಯಿತು.

"ಮಲೀಕೊ ನನ್ ಚಿನ್ನಾ. ಅವ್ವ ಇಲ್ಲೇ ಅವ್ಳೆ."

ತನ್ವಿ ನಿಲ್ಲಿಸಿ ತಾಯಿಯತ್ತ ತಿರುಗಿದಳು. "ದಟ್ಸ್ ಅವರ್ ಲ್ಯಾಂಗ್ವೇಜ್, ರೈಟ್?"

ವಾಸಂತಿ ಅದನ್ನೇ ಮತ್ತೆ ಮತ್ತೆ ಹಾಕಿಸಿ ಕೇಳಿದಳು. ಕೋಲಾರದ ಕಡೆಯ ಮಾತು, ಕಲಿತು ಒಪ್ಪಿಸಿದ್ದಲ್ಲ. ಅದರಲ್ಲೊಂದು ಶಬ್ದ ಅವಳನ್ನು ಬಿಡಲಿಲ್ಲ. ದೊರೆಗಳ ಮಗುವಿಗೆ ಆಯಾ ತನ್ನನ್ನು ಅವ್ವ ಎಂದು ಹೇಳಿಕೊಳ್ಳುವುದೇಕೆ?

ಅವಳು ಹಿಂಬಾಗಿಲು ತೆಗೆದು ಗೋಡೆಯ ಬಳಿ ಹೋದಳು. ನೆಸ್ಟಾ ತಮ್ಮ ಹಿತ್ತಿಲಿನಲ್ಲಿ ಕುರ್ಚಿ ಹಾಕಿಕೊಂಡು ಬಿಸಿಲಿಗೆ ಕೂತಿದ್ದರು. ಬಹುಶಃ ಅವಳಿಗಾಗಿಯೇ ದಿನವೂ ಹಾಗೆ ಕೂರುತ್ತಿದ್ದರೇನೋ.

"ಇಷ್ಟು ವರ್ಷ ಕೇಳಿಸ್ಕೊಂಡ್ರಿ. ಕನ್ನಡ ನಂಗೆ ಗೊತ್ತಾಗತ್ತೆ ಅಂತ ಒಂದು ಮಾತು ಹೇಳಲಿಲ್ಲ," ಎಂದಳು ವಾಸಂತಿ ಕನ್ನಡದಲ್ಲೇ. "ಆ ನಾಟಕ ನೋಡ್ದೆ. ಬಣ್ಣ ಬಳ್ಕೊಂಡು ಆಯಾ ಆಗಿದ್ದೀರಲ್ಲ, ಅದು. ಯಾರ ಹತ್ರ ಕಲಿತ್ರಿ ನಮ್ಮ ಮಾತು?"

ನೆಸ್ಟಾ ಕುರ್ಚಿಯಿಂದ ಎದ್ದು ಗೋಡೆಯತ್ತ ಬಂದರು.

"ನಮ್ಮವ್ವನ ತಾವ," ಎಂದರು.

ಅವರ ಕನ್ನಡ ಒಂಬತ್ತು ವರ್ಷದ ಹುಡುಗಿಯ ಕನ್ನಡ. ಅಲ್ಲಿಂದಾಚೆ ಬೆಳೆದಿರಲಿಲ್ಲ. ಉದ್ದದ ಮಾತು ಬಂದಲ್ಲಿ ಇಂಗ್ಲಿಷಿಗೆ ಹೊರಳಿ, ತಡವರಿಸಿ, ಮತ್ತೆ ಕನ್ನಡಕ್ಕೆ ಬರುತ್ತಿದ್ದರು. ಅಪ್ಪ ಕೋಲಾರದ ಚಿನ್ನದ ಗಣಿಯಲ್ಲಿ ಎಂಜಿನಿಯರು, ಇಂಗ್ಲೆಂಡಿನ ಕಾರ್ನ್‌ವಾಲಿನವನು. ಬಂಗಲೆಯಲ್ಲಿ ಅಪ್ಪ ಮಗಳಿಬ್ಬರ ಜೊತೆ ನಾರೆಮ್ಮ ಎಂಬ ಆಯಾ ಇದ್ದಳು. ಬಂಗಾರಪೇಟೆಯ ಹತ್ತಿರದ ಯಾವುದೋ ಹಳ್ಳಿಯವಳು. ಮೇಮ್‌ಸಾಬ್ ಹೆರಿಗೆಯಲ್ಲಿ ತೀರಿಕೊಂಡಳೆಂದು ಬಂದವರಿಗೆಲ್ಲ ಅಪ್ಪ ಹೇಳುತ್ತಿದ್ದ. ಅಂಥ ಮೇಮ್‌ಸಾಬ್ ಯಾವತ್ತೂ ಇರಲಿಲ್ಲ.

"ಅಗಲೊತ್ತು ಆಯಾ ಅನ್ಬೇಕು. ದೀಪ ಆರಿಸಿದ್ ಮ್ಯಾಲೆ ಅವ್ವ ಅನ್ಬೋದು," ಎಂದರು ನೆಸ್ಟಾ.

ಬಟ್ಟೆ ಒಣಗಿಸುವ ತಂತಿಯನ್ನು ವಾಸಂತಿ ಗಟ್ಟಿಯಾಗಿ ಹಿಡಿದುಕೊಂಡಿದ್ದಳು.

"ಅವ್ವಂಗೂ ನಿನ್ನಂಗೇ ಆಯ್ತು ಮಗಾ." ನೆಸ್ಟಾ ಕಾರ್ಡಿಗನ್ ಮೇಲೆ, ಎಡ ಎದೆಯ ಪಕ್ಕಕ್ಕೆ ಕೈಯಿಟ್ಟು ತೋರಿಸಿದರು. "ಮೈ ತೊಳ್ಯವಾಗ ನಾನ್ ನೋಡ್ದೆ. ಸೆರಗಿನಾಗೆ ಮುಚ್ಚಿಕ್ಕಂತಿದ್ಲು. ಅಪ್ಪಂಗೆ ಗೊತ್ತಾದ್ರೆ ಊರ್ಗೆ ಕಳಿಸ್ಬುಡ್ತಾನೆ, ನನ್ನ ನಿನ್ ತಾವ ಬಿಡಾಕಿಲ್ಲ, ಯಾರ್ಗೂ ಯೋಳ್ಬ್ಯಾಡ ಅಂದ್ಲು. ಅದೂ ಯೋಳ್ಬ್ಯಾಡ, ಇದೂ ಯೋಳ್ಬ್ಯಾಡ." ಅವರು ಕೈ ಇಳಿಸಿದರು. "ನಾನ್ ಯೋಳ್ಲಿಲ್ಲ. ಎರಡೂ ಯೋಳ್ಲಿಲ್ಲ."

ನಾರೆಮ್ಮ ಸತ್ತ ವರ್ಷವೇ ಅಪ್ಪ ಮಗಳನ್ನು ಇಂಗ್ಲೆಂಡಿನ ಹಡಗು ಹತ್ತಿಸಿದ. ಕಪ್ಪುಗೂದಲು ಎಲ್ಲಿಂದ ಬಂತೆಂದು ಕೇಳಿದವರಿಗೆ ತಾಯಿ ವೇಲ್ಸಿನವಳೆಂದು ಹೇಳಲು ಕಲಿಸಿದ. ನೆಸ್ಟಾ ಜೀವನಪೂರ್ತಿ ಹಾಗೇ ಹೇಳಿದರು. ಗಂಡನಿಗೂ ಹಾಗೇ ಹೇಳಿದ್ದರು. "ಅವನಿಗೆ ಗೊತ್ತಾಗಿದ್ದರೆ ಖುಷಿಪಡುತ್ತಿದ್ದ," ಎಂದರು ಇಂಗ್ಲಿಷಿನಲ್ಲಿ, "ಆದರೆ ನನಗೆ ಬಾಯಿಯೇ ಬರಲಿಲ್ಲ."

"ಮತ್ತೆ ಆ ಪಾತ್ರ ಯಾಕೆ ಒಪ್ಕೊಂಡ್ರಿ?"

ಕೆಲಸ ಬೇಕಿತ್ತು ಎಂದರು ನೆಸ್ಟಾ. ಕೊಟ್ಟ ಪಾತ್ರ ಮಾಡುವುದು ಅಭ್ಯಾಸವಾಗಿತ್ತು. ತಲೆ ಹೇಗೆ ಆಡಿಸಬೇಕೆಂದು ನಿರ್ದೇಶಕ ತೋರಿಸಿಕೊಟ್ಟನಂತೆ. ಮಗುವಿಗೆ ಹೇಳುವ ಮಾತನ್ನು ಬಾಯಿಗೆ ಬಂದಂತೆ ಏನಾದರೂ ಬಡಬಡಿಸು ಎಂದನಂತೆ. ಅವರು ಹೇಳಿದ್ದನ್ನು ಕೇಳಿ, ಇದು ಇಂಡಿಯಾದ ಮಾತಿನ ಹಾಗೆ ಕೇಳಿಸುವುದೇ ಇಲ್ಲ ಎಂದು ಗೊಣಗಿದ. ಮತ್ತೊಮ್ಮೆ ತೆಗೆಯಲು ಹೊತ್ತಿಲ್ಲದೆ ಹಾಗೇ ಬಿಟ್ಟ.

"ಬಣ್ಣ ಬಳಿದು ಕನ್ನಡಿ ಮುಂದೆ ಕೂರ್ಸಿದ್ರು," ಎಂದರು ನೆಸ್ಟಾ. "ನೋಡ್ತೀನಿ, ಅವ್ವ ಕುಂತವ್ಳೆ. ಸಂಜೆಗೆ ಆ ಮೇಕಪ್ ಹುಡ್ಗಿ ಅಳಿಸಾಕೆ ಬಂದ್ಲು. ಒಸಿ ಹೊತ್ತು ಇರ್ಲಿ ಕಣಮ್ಮಿ ಅಂದೆ. ಅವ್ಳಿಗೇನ್ ಅರ್ಥ ಆಯ್ತದೆ."

ವಾಸಂತಿ ಬೈಯಬೇಕೆಂದು ತಂದಿದ್ದ ಮಾತೆಲ್ಲ ಎಲ್ಲಿ ಹೋಯಿತೋ. ಬದುಕಿರುವ ಒಂದು ಜೀವಕ್ಕೂ ಹೇಳದ್ದನ್ನು ಈ ಹೆಂಗಸು ತನಗೆ ಹೇಳಿದ್ದು ತನ್ನ ಎದೆಯ ಗಂಟಿಗಾಗಿ ಎಂಬುದು ನಿಧಾನವಾಗಿ ಅರಿವಾಯಿತು. ಗೆಳತಿ ಬೈದಾಗ ಬಾರದ ಸಾವಿನ ಭಯ ಈಗ, ಬಿಸಿಲಿನಲ್ಲಿ, ಬಂತು.

ಸಂಜೆ ಹೇಮಚಂದ್ರ ಆಸ್ಪತ್ರೆಯಿಂದ ಬಂದು ಸ್ನಾನ ಮಾಡಿ ಮೇಲಿನ ಕೋಣೆ ಸೇರಿಕೊಂಡ. ಅವನು ಅರಿವಳಿಕೆ ಡಾಕ್ಟರು. ಉಸಿರಾಡಲಾರದವರ ಗಂಟಲಿಗೆ ನಳಿಕೆ ಇಳಿಸುವುದೇ ಈಗ ಅವನ ಕೆಲಸವಾಗಿತ್ತು. ವಾಸಂತಿ ಊಟದ ತಟ್ಟೆಯನ್ನು ಬಾಗಿಲ ಬಳಿ ಇಟ್ಟು ಕೆಳಗಿಳಿಯದೆ ಮೆಟ್ಟಿಲ ಮೇಲೆ ಕೂತಳು.

"ರೀ, ಒಂದು ಹೇಳ್ಬೇಕು."

"ಹೇಳು," ಎಂದಿತು ದಣಿದ ದನಿ ಒಳಗಿನಿಂದ.

ಮುಚ್ಚಿದ ಬಾಗಿಲಿಗೆ ಅವಳು ಎಲ್ಲ ಹೇಳಿದಳು. ಒಳಗೆ ಮಂಚ ಕಿರುಗುಟ್ಟಿತು.

"ಯಾವಾಗಿಂದ?"

"ಫೆಬ್ರವರಿಯಿಂದ."

"ನಾನು ಡಾಕ್ಟರು, ವಾಸಂತಿ. ನಿನ್ನ ಮನೇಲೇ ಇದೀನಿ."

"ಅದಕ್ಕೇ ಹೇಳಲಿಲ್ಲ."

ಬಾಗಿಲು ತೆರೆಯಿತು. ಮಾರ್ಚಿನಿಂದ ಅವರಿಬ್ಬರೂ ಹತ್ತಿರ ನಿಂತಿರಲಿಲ್ಲ. ಮಾಸ್ಕು ಹಾಕಿಕೊಂಡು ಹೊರಬಂದ ಹೇಮಚಂದ್ರ ಗೋಡೆಗೊರಗಿ ನೆಲದ ಮೇಲೆ ಕುಸಿದು ಕೂತ. ವಾಸಂತಿ ಅವನನ್ನು ನೋಡಲಾರದೆ ತಲೆ ತಗ್ಗಿಸಿದಳು.

ಮುಂದಿನದು ಬೇಗ ನಡೆಯಿತು. ಡಬ್ಲಿನ್ನಿನ ದೊಡ್ಡ ಆಸ್ಪತ್ರೆಯೊಳಗೆ ಅವಳೊಬ್ಬಳೇ ಹೋಗಬೇಕಿತ್ತು. ಜೊತೆಗೆ ಯಾರನ್ನೂ ಬಿಡುತ್ತಿರಲಿಲ್ಲ. ಹೇಮಚಂದ್ರ ಕಾರಿನಲ್ಲೇ ಕಾದ. ಸೂಜಿ ಚುಚ್ಚಿ ತೆಗೆದ ಚೂರಿನಲ್ಲಿ ಕ್ಯಾನ್ಸರ್ ಇತ್ತು. ಇನ್ನೂ ದೂರ ಹಬ್ಬಿರಲಿಲ್ಲ. ಇನ್ನಷ್ಟು ತಿಂಗಳು ಕಾದಿದ್ದರೆ ಈ ಮಾತು ಬೇರೆಯಾಗುತ್ತಿತ್ತು ಎಂದಳು ಸರ್ಜನ್, ಗಾಜಿನ ಹಲಗೆಯ ಹಿಂದಿನಿಂದ. ಜೂನಿನಲ್ಲಿ ಆಪರೇಷನ್ ಆಯಿತು. ಆಮೇಲೆ ಕೀಮೋ. ಆಗಸ್ಟಿನಲ್ಲಿ ಸೋಂಕು ಏರಿ ಕಿಲ್ಡೇರ್ ಕೌಂಟಿಯ ಗಡಿಯನ್ನೇ ಮುಚ್ಚಿದಾಗಲೂ ಚಿಕಿತ್ಸೆಗೆ ಹೋಗುವವರನ್ನು ಪೊಲೀಸರು ತಡೆಯುತ್ತಿರಲಿಲ್ಲ.

ಆ ತಿಂಗಳ ಕೊನೆಯ ಒಂದು ಬೆಳಿಗ್ಗೆ ವಾಸಂತಿ ಹಿತ್ತಿಲಿನಲ್ಲಿ ಕೂತಿದ್ದಳು. ತಲೆ ಬಾಚಿಕೊಳ್ಳಲು ಅವಳಿಗೆ ಧೈರ್ಯವಿರಲಿಲ್ಲ. ದಿಂಬಿನ ಮೇಲೆ ಬಿದ್ದಿದ್ದನ್ನು ಬೆಳಿಗ್ಗೆಯೇ ನೋಡಿದ್ದಳು. ಪಕ್ಕದ ಗೇಟು ಸದ್ದಾಯಿತು. ನೆಸ್ಟಾ ಕೋಲೂರಿಕೊಂಡು ಒಳಗೆ ಬಂದರು. ಈ ಮನೆಯ ಕಡೆಗೆ ಅವರು ಬಂದದ್ದು ಅದೇ ಮೊದಲು. ಮಾಸ್ಕು ಸರಿಮಾಡಿಕೊಂಡು, ಹಿತ್ತಿಲ ನಲ್ಲಿಯಲ್ಲಿ ಸೋಪು ಹಚ್ಚಿ ಕೈ ತೊಳೆದರು. ಬೆರಳುಗಳ ನಡುವೆ, ಉಗುರಿನ ಕೆಳಗೆ, ಬಹಳ ಹೊತ್ತು. ಕೈಯನ್ನು ಗಾಳಿಗೆ ಒಣಗಿಸಿಕೊಂಡು ವಾಸಂತಿಯ ಕುರ್ಚಿಯ ಹಿಂದೆ ಬಂದು ನಿಂತರು.

"ಬಾಚಣಿಗೆ ಕೊಡು."

"ಬೇಡ ನೆಸ್ಟಾ. ಎಲ್ಲ ಕೈಗೇ ಬಂದ್ಬಿಡತ್ತೆ."

"ಬರ್ಲಿ."

ಅವರು ಎಣ್ಣೆ ಕೇಳಿದರು. ತನ್ವಿ ಒಳಗಿನಿಂದ ಕೊಬ್ಬರಿ ಎಣ್ಣೆಯ ಬಾಟಲಿ ತಂದುಕೊಟ್ಟು, ಹೋಗದೆ, ಬಾಗಿಲ ಮೆಟ್ಟಿಲ ಮೇಲೆ ಕೂತಳು. ನೆಸ್ಟಾ ಅಂಗೈಗೆ ಎಣ್ಣೆ ಸುರಿದುಕೊಂಡು ನೆತ್ತಿಗೆ ಹಚ್ಚಿದರು. ಬೈತಲೆ ತೆಗೆದರು. ಬಾಚಣಿಗೆ ಇಳಿದಲ್ಲೆಲ್ಲ ಕೂದಲು ಎಳೆ ಎಳೆಯಾಗಿ, ಆಮೇಲೆ ಗೊಂಚಲು ಗೊಂಚಲಾಗಿ ಬಂತು. ನೆಸ್ಟಾ ಬಂದ ಕೂದಲನ್ನು ಬೆರಳಿಗೆ ಸುತ್ತಿ ಸಣ್ಣ ಉಂಡೆ ಮಾಡಿ ಕಾರ್ಡಿಗನ್ನಿನ ಜೇಬಿಗೆ ಹಾಕಿಕೊಂಡರು. ಮತ್ತೆ ಬಾಚಿದರು. ಜೇಬು ಉಬ್ಬುತ್ತಿತ್ತು. ವಾಸಂತಿ ಕಣ್ಣು ಮುಚ್ಚಿ ಕತ್ತನ್ನು ಹಿಂದಕ್ಕೆ, ಆ ಕೈಗಳಿಗೆ, ಒರಗಿಸಿದಳು.